ಶಾಲೆಗಳ ಮಾನ್ಯತೆ ಮತ್ತು ಹೊರನಾಡ ಕನ್ನಡಿಗರು

(ಮೌದಾದಲ್ಲಿ ನಡೆದ ರಾಜ್ಯೋತ್ಸವ ಸಭೆಯಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ರಾಜ್ಯೋತ್ಸವದ ವೇದಿಕೆಯ ಮೇಲೆ ನಿಂತವನು ಕನ್ನಡದ ಹಿರಿಮೆಯನ್ನು ಕುರಿತು ಮಾತನಾಡಬೇಕೆಂಬುದು ವಾಡಿಕೆ. ಇಂದು ನಾನು ಆ ವಾಡಿಕೆಯನ್ನು ಮುರಿಯಲಿದ್ದೇನೆ, ಕ್ಷಮೆಯಿರಲಿ. ಕಳೆದ ವರ್ಷ ಇದೇ ಸಭೆ ಮುಗಿದ ಮೇಲೆ ಊಟದ ಪಂಕ್ತಿಯಲ್ಲಿ ನನ್ನ ಪಕ್ಕದಲ್ಲಿ ಕುಳಿತಿದ್ದ ತಾಯಿಯೊಬ್ಬರು ಒಂದು ಪ್ರಶ್ನೆ ಕೇಳಿದರು. ಅವರ ಯಜಮಾನರು ಇಲ್ಲಿಯ ವಿದ್ಯುತ್ ಸ್ಥಾವರದಲ್ಲಿ ಇಂಜಿನಿಯರು. ಮಗ ಆಗ ಎರಡನೆಯ ತರಗತಿ. "ನೀವು ಭಾನುವಾರ ನಡೆಸುವ ಕನ್ನಡ ತರಗತಿಗೆ ಮಾನ್ಯತೆ ಇದೆಯೇ ಸರ್? ಇಲ್ಲದಿದ್ದರೆ ಮಗುವಿನ ಎರಡು ಗಂಟೆ ಏಕೆ ಕಳೆಯಬೇಕು?" ಎಂದರು. ಪ್ರಶ್ನೆಯಲ್ಲಿ ಕುಹಕವಿರಲಿಲ್ಲ, ನಿಜವಾದ ಕಳವಳವಿತ್ತು. ಅಂದು ನಾನು ಬಾಯಿಗೆ ಬಂದ ಯಾವುದೋ ಸಮಾಧಾನ ಹೇಳಿ ಎಲೆಯ ಕಡೆಗೆ ತಿರುಗಿದೆ. ಅವರಿಗೆ ಕೊಡಬೇಕಾಗಿದ್ದ ಉತ್ತರವನ್ನು ಇಂದು ಕೊಡಲು ಪ್ರಯತ್ನಿಸುತ್ತೇನೆ.

ನಾನು ವಕೀಲನಲ್ಲ, ಸಾಹಿತಿಯೂ ಅಲ್ಲ. ಮೂವತ್ತೆರಡು ವರ್ಷ ನಾಗಪುರದ ಒಂದು ಶಿಕ್ಷಣ ಸಂಸ್ಥೆಯ ಕಚೇರಿಯಲ್ಲಿ ಗುಮಾಸ್ತನಾಗಿದ್ದು, ಅಧೀಕ್ಷಕನಾಗಿ ನಿವೃತ್ತನಾದವನು. ಆ ಮೂವತ್ತೆರಡು ವರ್ಷಗಳಲ್ಲಿ ನಾನು ಹೆಚ್ಚು ಸಲ ಬರೆದ ಶಬ್ದ ಯಾವುದೆಂದು ಕೇಳಿದರೆ, ದೇವರ ನಾಮವಲ್ಲ, 'ಮಾನ್ಯತೆ'. ಮರಾಠಿಯಲ್ಲಿಯೂ ಅದೇ ಶಬ್ದ, ಅದೇ ಅರ್ಥ. ಆದಕಾರಣ ಅನುವಾದದ ಕಷ್ಟವೂ ಇರಲಿಲ್ಲ. ಕಟ್ಟಡದ ನಕ್ಷೆ, ಆಟದ ಬಯಲಿನ ಅಳತೆ, ಕುಡಿಯುವ ನೀರು, ಹೆಣ್ಣುಮಕ್ಕಳಿಗೆ ಬೇರೆ ಶೌಚಾಲಯ, ಶಿಕ್ಷಕರ ಅರ್ಹತೆಯ ದಾಖಲೆ, ಇವೆಲ್ಲವನ್ನೂ ದಾರ ಪೋಣಿಸಿ ಕಡತ ಕಟ್ಟಿ ಶಿಕ್ಷಣಾಧಿಕಾರಿಗಳ ಕಚೇರಿಗೆ ಒಯ್ಯುವುದು; ಷರಾ ಬರೆದು ಹಿಂತಿರುಗಿಸಿದರೆ ಮತ್ತೆ ಒಯ್ಯುವುದು. ಪಾಠ ಹೇಳುವ ಮಾಸ್ತರರಿಗೆ ಈ ಕಡತದ ಪರಿವೆಯೇ ಇರುವುದಿಲ್ಲ. ಅವರಿಗೆ ಶಾಲೆಯೆಂದರೆ ಮಕ್ಕಳು. ಸರ್ಕಾರಕ್ಕೆ ಮಾತ್ರ ಆ ಕಡತವಿಲ್ಲದೆ ಶಾಲೆಯೇ ಇಲ್ಲ.

ಇದು ಅಲಂಕಾರದ ಮಾತಲ್ಲ. 2009ರ ಶಿಕ್ಷಣ ಹಕ್ಕು ಕಾಯಿದೆಯ 18ನೆಯ ಪ್ರಕರಣವನ್ನು ನೋಡಿ. ಮಾನ್ಯತೆಯ ಪ್ರಮಾಣಪತ್ರವಿಲ್ಲದೆ ಯಾವ ಖಾಸಗಿ ಶಾಲೆಯನ್ನೂ ಸ್ಥಾಪಿಸಕೂಡದು, ನಡೆಸಕೂಡದು. ನಡೆಸಿದರೆ ಒಂದು ಲಕ್ಷ ರೂಪಾಯಿಯವರೆಗೆ ದಂಡ. ಮುಂದುವರಿಸಿದರೆ ದಿನಕ್ಕೆ ಹತ್ತು ಸಾವಿರ. ಆದರೆ ಅದೇ ಪ್ರಕರಣದಲ್ಲಿ ನನಗೆ ಬಹಳ ಹಿಡಿಸಿದ ಒಂದು ಮಾತೂ ಇದೆ. ಮಾನ್ಯತೆಯನ್ನು ಹಿಂತೆಗೆದುಕೊಳ್ಳುವ ಮುನ್ನ ಶಾಲೆಯ ಅಹವಾಲನ್ನು ಕೇಳಬೇಕು. ಹಿಂತೆಗೆದುಕೊಂಡರೆ, ಅಲ್ಲಿಯ ಮಕ್ಕಳನ್ನು ನೆರೆಹೊರೆಯ ಯಾವ ಶಾಲೆಗೆ ಸೇರಿಸಬೇಕೆಂಬುದನ್ನು ಅದೇ ಆದೇಶದಲ್ಲಿ ಹೇಳಬೇಕು. ಈ ಮಾತು ಅದಕ್ಕಿಂತ ಮೂರು ವರ್ಷ ಮೊದಲೇ ಕಾಯಿದೆಯಾಗಿದ್ದರೆ ನಮ್ಮ ಮನೆಯಲ್ಲಿ ಒಂದು ಬೇಸಿಗೆ ಅಷ್ಟು ಕೆಟ್ಟದಾಗಿ ಕಳೆಯುತ್ತಿರಲಿಲ್ಲ. ಆ ಸಂಗತಿಗೆ ಆಮೇಲೆ ಬರುತ್ತೇನೆ. ಮೊದಲು ಕರ್ನಾಟಕದಲ್ಲಿ ನಡೆದ ದೀರ್ಘ ವ್ಯಾಜ್ಯದ ಕಥೆಯನ್ನು ಹೇಳಬೇಕು. ಹೊರನಾಡಿನಲ್ಲಿರುವ ನಾವು ಅದರ ಅರ್ಧ ಭಾಗವನ್ನು ಮಾತ್ರ ಕೇಳಿದ್ದೇವೆ.

ಗೋಕಾಕ್ ಸಮಿತಿಯ ವರದಿ 1981ರಲ್ಲಿ ಬಂತು. ಚಳವಳಿ ನಡೆಯಿತು, ರಾಜಕುಮಾರರು ಬೀದಿಗಿಳಿದರು. 1982ರ ಜುಲೈ 20ರಂದು ಸರ್ಕಾರ ಹೊರಡಿಸಿದ ಆದೇಶ ಪ್ರೌಢಶಾಲೆಯಲ್ಲಿ ಕನ್ನಡವನ್ನು ಏಕೈಕ ಪ್ರಥಮ ಭಾಷೆಯನ್ನಾಗಿ ಮಾಡಿತು. ನಾವು ನಾಗಪುರದಲ್ಲಿ ಸಿಹಿ ಹಂಚಿದೆವು. ಭಾಷಾ ಅಲ್ಪಸಂಖ್ಯಾತರು ಕೋರ್ಟಿಗೆ ಹೋದರು. 1989ರಲ್ಲಿ ಕರ್ನಾಟಕ ಉಚ್ಚ ನ್ಯಾಯಾಲಯದ ಪೂರ್ಣಪೀಠವು ಆ ಕಡ್ಡಾಯ ಸಂವಿಧಾನಕ್ಕೆ ಒಪ್ಪುವುದಿಲ್ಲವೆಂದಿತು. ಅದೇ ವರ್ಷದ ಜೂನ್ 19ರಂದು ಸರ್ಕಾರ ಬೇರೊಂದು ಆದೇಶ ಹೊರಡಿಸಿತು: ಒಂದರಿಂದ ನಾಲ್ಕನೆಯ ತರಗತಿಯವರೆಗೆ ಮಾತೃಭಾಷೆಯೇ ಶಿಕ್ಷಣ ಮಾಧ್ಯಮ. ಇಂಗ್ಲಿಷ್ ಮಾಧ್ಯಮದ ಮಕ್ಕಳ ಪೋಷಕರು ಇದನ್ನು ಪ್ರಶ್ನಿಸಿ ಸರ್ವೋಚ್ಚ ನ್ಯಾಯಾಲಯದವರೆಗೆ ಹೋದರು. 1993ರ ಡಿಸೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯ ಸರ್ಕಾರದ ಪರವಾಗಿ ತೀರ್ಪಿತ್ತಿತು. ಆ ಧೈರ್ಯದ ಮೇಲೆ 1994ರ ಏಪ್ರಿಲ್ 29ರ ಆದೇಶ ಬಂತು. ಒಂದರಿಂದ ನಾಲ್ಕರವರೆಗೆ ಮಾತೃಭಾಷೆ ಅಥವಾ ಕನ್ನಡದಲ್ಲಿ ಪಾಠ ಹೇಳುವುದಾದರೆ ಮಾತ್ರ ಹೊಸ ಶಾಲೆಗೆ ಮಾನ್ಯತೆ.

ಇಲ್ಲಿಂದ ಒಂದು ವಿಚಿತ್ರ ನಾಟಕ ಆರಂಭವಾಯಿತು. ಶಾಲೆಗಳನ್ನು ನಡೆಸುವವರು ಕನ್ನಡ ಮಾಧ್ಯಮವೆಂದು ಮುಚ್ಚಳಿಕೆ ಬರೆದುಕೊಟ್ಟು ಮಾನ್ಯತೆ ಪಡೆದರು. ತರಗತಿಯ ಬಾಗಿಲು ಮುಚ್ಚಿಕೊಂಡು ಇಂಗ್ಲಿಷಿನಲ್ಲಿ ಪಾಠ ಹೇಳಿದರು. ತಪಾಸಣೆಗೆ ಬಂದವರು ಕಡತ ನೋಡಿದರು, ಮಕ್ಕಳ ನೋಟುಪುಸ್ತಕ ನೋಡಲಿಲ್ಲ. ಹನ್ನೆರಡು ವರ್ಷ ಹೀಗೆ ನಡೆಯಿತು. 2006ರಲ್ಲಿ ಸರ್ಕಾರ ಎಚ್ಚೆತ್ತು ಎರಡು ಸಾವಿರಕ್ಕೂ ಹೆಚ್ಚು ಶಾಲೆಗಳ ಮಾನ್ಯತೆ ರದ್ದುಗೊಳಿಸುವ ಕ್ರಮಕ್ಕೆ ಕೈಹಾಕಿತು.

ಆಗ ನನ್ನ ಮಗ ಬೆಂಗಳೂರಿನಲ್ಲಿದ್ದ. ಮೊಮ್ಮಗಳು ಮೂರನೆಯ ತರಗತಿ. ಶಾಲೆಯ ಹೆಸರು ಬೇಡ. ಒಳ್ಳೆಯ ಶಾಲೆಯೆಂದೇ ಸೇರಿಸಿದ್ದರು. ಪಾಠವೆಲ್ಲ ಇಂಗ್ಲಿಷು, ವಾರಕ್ಕೆ ನಾಲ್ಕು ಪಿರಿಯಡ್ ಕನ್ನಡ. ಒಂದು ದಿನ ಪತ್ರಿಕೆಯಲ್ಲಿ ಬಂದ ಪಟ್ಟಿಯಲ್ಲಿ ತಮ್ಮ ಶಾಲೆಯ ಹೆಸರನ್ನು ನೋಡಿ ಸೊಸೆ ಫೋನು ಮಾಡಿದಳು. ಅವಳ ಅಳು ನನಗಿನ್ನೂ ನೆನಪಿದೆ. ಶಾಲೆಯವರು "ಏನೂ ಆಗುವುದಿಲ್ಲ, ಕೋರ್ಟಿಗೆ ಹೋಗಿದ್ದೇವೆ" ಎಂದರು. ಯಾವ ಶಾಲೆಗೆ ಸೇರಿಸಬೇಕೆಂದು ಯಾರೂ ಹೇಳಲಿಲ್ಲ. ಬೇಸಿಗೆಯ ರಜೆಯಲ್ಲಿ ಮಗ ನಾಗಪುರಕ್ಕೆ ವರ್ಗ ಕೇಳಿ ಪಡೆದ. ಶಾಲೆ ಬಿಟ್ಟ ದಾಖಲೆಯನ್ನು ತಂದು ನನ್ನ ಕೈಗೆ ಕೊಟ್ಟ. ಕಚೇರಿಯ ಅಭ್ಯಾಸಬಲದಿಂದ ನಾನು ಪ್ರತಿ ಕಲಮನ್ನೂ ಓದಿದೆ. 'ಶಿಕ್ಷಣ ಮಾಧ್ಯಮ' ಎಂಬಲ್ಲಿ ದುಂಡಗಿನ ಅಕ್ಷರದಲ್ಲಿ ಬರೆದಿತ್ತು: ಕನ್ನಡ.

ಮೊಮ್ಮಗಳನ್ನು ಕರೆದು, ಈ ಶಬ್ದವನ್ನು ಓದಮ್ಮ ಎಂದೆ. 'ಕ' ಎಂದಳು. ಆಮೇಲಿನ ಒತ್ತಕ್ಷರದ ಬಳಿ ನಿಂತು ನನ್ನ ಮುಖ ನೋಡಿದಳು.

ಬಂಧುಗಳೇ, ಆ ಕಾಗದ ಇಂದಿಗೂ ನನ್ನ ಪೆಟ್ಟಿಗೆಯಲ್ಲಿದೆ. ಕಡತದ ಪ್ರಕಾರ ನಮ್ಮ ಮನೆಯಲ್ಲಿ ಮೂರನೆಯ ತಲೆಮಾರಿನ ಒಂದು ಮಗು ಕನ್ನಡ ಮಾಧ್ಯಮದಲ್ಲಿ ಓದಿದೆ. ಯಾವನಾದರೂ ಸಂಶೋಧಕ ಕರ್ನಾಟಕದ ಕನ್ನಡ ಶಾಲೆಗಳ ಲೆಕ್ಕ ಹಾಕಿದರೆ ಅವಳೂ ಅದರಲ್ಲಿ ಒಂದು ಅಂಕಿ. ಶಾಲೆಯವರನ್ನು ಎಷ್ಟು ಬಯ್ದರೂ ಸಾಲದು, ನಿಜ. ಆದರೆ ಅವರಿಂದ ಆ ಸುಳ್ಳನ್ನು ಬರೆಸಿಕೊಂಡ ಆದೇಶವನ್ನು ಹೊಗಳಿ 1994ರಲ್ಲಿ ನಮ್ಮ ಸಂಘ ಗೊತ್ತುವಳಿ ಮಾಡಿತ್ತು. ಅದರ ಕರಡು ಬರೆದವನು ನಾನೇ.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. 2008ರ ಜುಲೈ 2ರಂದು ಉಚ್ಚ ನ್ಯಾಯಾಲಯದ ಪೂರ್ಣಪೀಠವು ಸರ್ಕಾರಿ ಮತ್ತು ಅನುದಾನಿತ ಶಾಲೆಗಳ ಮಟ್ಟಿಗೆ ಆದೇಶವನ್ನು ಉಳಿಸಿ, ಅನುದಾನರಹಿತ ಶಾಲೆಗಳ ಮಟ್ಟಿಗೆ ತೆಗೆದುಹಾಕಿತು. ಸರ್ಕಾರ ಮೇಲ್ಮನವಿ ಸಲ್ಲಿಸಿತು. 2013ರಲ್ಲಿ ಪ್ರಶ್ನೆ ಸಂವಿಧಾನ ಪೀಠಕ್ಕೆ ಹೋಯಿತು. 2014ರ ಮೇ 6ರಂದು ಐವರು ನ್ಯಾಯಮೂರ್ತಿಗಳ ಪರವಾಗಿ ನ್ಯಾಯಮೂರ್ತಿ ಎ.ಕೆ. ಪಟ್ನಾಯಕ್ ಅವರು ಬರೆದ ತೀರ್ಪು ಹೊರಬಂತು. ಮಗು ಯಾವ ಮಾಧ್ಯಮದಲ್ಲಿ ಓದಬೇಕೆಂಬ ಆಯ್ಕೆ ಅಭಿವ್ಯಕ್ತಿ ಸ್ವಾತಂತ್ರ್ಯದ ಭಾಗ. ಮಾತೃಭಾಷೆಯೆಂಬ ಕಾರಣ ಹೇಳಿಯೂ ಸರ್ಕಾರ ಅದನ್ನು ಹೇರಲಾರದು. ಮಾತೃಭಾಷೆ ಯಾವುದೆಂದು ನಿರ್ಧರಿಸುವವರು ಯಾರು ಎಂಬ ಪ್ರಶ್ನೆಯೂ ಪೀಠದ ಮುಂದಿತ್ತು. ಮಗುವಿನ ತಂದೆತಾಯಿ ಅಥವಾ ಪೋಷಕರು ಎಂದು ನ್ಯಾಯಾಲಯ ಉತ್ತರಿಸಿತು. ಮರುಪರಿಶೀಲನೆಯ ಅರ್ಜಿಯೂ ಫಲ ಕೊಡಲಿಲ್ಲ.

ಈ ತೀರ್ಪು ನನಗೆ ಹಿಡಿಸಲಿಲ್ಲ, ಇಂದಿಗೂ ಹಿಡಿಸಿಲ್ಲ. ಆರು ವರ್ಷದ ಮಗು ಮನೆಯ ಮಾತಿನಲ್ಲಿ ಎಣಿಕೆ ಕಲಿತರೆ ಬೇಗ ಕಲಿಯುತ್ತದೆಂಬುದಕ್ಕೆ ನಾನೇ ಸಾಕ್ಷಿ. ಜತ್ತ ತಾಲೂಕಿನ ಹಳ್ಳಿಯೊಂದರ ಬೋರ್ಡಿನ ಶಾಲೆಯಲ್ಲಿ ನಾನು ಕನ್ನಡದಲ್ಲಿ ಮಗ್ಗಿ ಕಲಿತವನು. ನಾಗಪುರದಲ್ಲಿ ಐವತ್ತು ವರ್ಷ ಕಳೆದರೂ ಮಾರುಕಟ್ಟೆಯಲ್ಲಿ ಕಿತ್ತಳೆಯ ಲೆಕ್ಕವನ್ನು ಒಳಗೊಳಗೆ ಕನ್ನಡದಲ್ಲಿಯೇ ಹಾಕುತ್ತೇನೆ. ಆದರೆ ಆ ತೀರ್ಪನ್ನು ಕರ್ನಾಟಕದ ಸಾಹಿತಿಗಳು ಬಯ್ದಷ್ಟು ಸುಲಭವಾಗಿ ನಾನು ಬಯ್ಯಲಾರೆ. ಕಾರಣ ಹೇಳುತ್ತೇನೆ.

ಮಹಾರಾಷ್ಟ್ರದಲ್ಲಿ ನಾವು ಯಾರು? 2002ರ ಅಕ್ಟೋಬರ್ 31ರಂದು ಟಿ.ಎಂ.ಎ. ಪೈ ಪ್ರತಿಷ್ಠಾನದ ಮೊಕದ್ದಮೆಯಲ್ಲಿ ಹನ್ನೊಂದು ನ್ಯಾಯಮೂರ್ತಿಗಳ ಪೀಠ ಹೇಳಿತು: ಭಾಷಾ ಅಲ್ಪಸಂಖ್ಯಾತರು ಯಾರೆಂಬುದನ್ನು ರಾಜ್ಯವನ್ನು ಘಟಕವಾಗಿಟ್ಟುಕೊಂಡು ನಿರ್ಣಯಿಸಬೇಕು. ಮೊಕದ್ದಮೆ ಮಣಿಪಾಲದ್ದು, ಕೊಂಕಣಿ ಭಾಷಿಕರೆಂಬ ನೆಲೆಯಲ್ಲಿ ಹೂಡಿದ್ದು. ಅದರ ಫಲ ನಮಗೂ ಬಂತು. ಬೆಳಗಾವಿಯಲ್ಲಿ ಮರಾಠಿ ಭಾಷಿಕರಿಗೆ ಯಾವ ಸ್ಥಾನವೋ ಮೌದಾದಲ್ಲಿ ನಮಗೂ ಅದೇ ಸ್ಥಾನ. ಸಂವಿಧಾನದ 30ನೆಯ ಅನುಚ್ಛೇದದ ಪ್ರಕಾರ ನಾವು ನಮ್ಮ ಶಾಲೆಗಳನ್ನು ಕಟ್ಟಬಹುದು, ನಡೆಸಬಹುದು. 1956ರಲ್ಲಿ ಸೇರಿಸಿದ 350-ಎ ಅನುಚ್ಛೇದವು ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಬೋಧನೆಗೆ ಅನುಕೂಲ ಕಲ್ಪಿಸಲು ರಾಜ್ಯಗಳು ಯತ್ನಿಸಬೇಕೆನ್ನುತ್ತದೆ. ಅದಕ್ಕೂ ಮೊದಲು, 1949ರಲ್ಲಿಯೇ, ಪ್ರಾಂತಗಳ ಶಿಕ್ಷಣ ಮಂತ್ರಿಗಳ ಸಮ್ಮೇಳನ ಒಂದು ಅಳತೆಗೋಲು ಕೊಟ್ಟಿತ್ತು. ತರಗತಿಯಲ್ಲಿ ಹತ್ತು ಅಥವಾ ಶಾಲೆಯಲ್ಲಿ ನಲವತ್ತು ಮಕ್ಕಳು ಆ ಭಾಷೆಯವರಿದ್ದರೆ ಅವರಿಗಾಗಿ ಒಬ್ಬ ಶಿಕ್ಷಕನನ್ನು ನೇಮಿಸಬೇಕು.

ಇನ್ನು ಮಾನ್ಯತೆ. ಮಾನ್ಯತೆ ಕೊಡಿರೆಂದು ಕೇಳುವುದು ಯಾರ ಮೂಲಭೂತ ಹಕ್ಕೂ ಅಲ್ಲವೆಂದು ನ್ಯಾಯಾಲಯಗಳು ಹೇಳಿವೆ. ಆದರೆ 1958ರಲ್ಲಿ ಕೇರಳ ಶಿಕ್ಷಣ ಮಸೂದೆಯ ಬಗ್ಗೆ ಮುಖ್ಯ ನ್ಯಾಯಮೂರ್ತಿ ಎಸ್.ಆರ್. ದಾಸ್ ಅವರ ಪೀಠ ಕೊಟ್ಟ ಅಭಿಪ್ರಾಯದಲ್ಲಿ ಒಂದು ಮಹತ್ವದ ವಿಚಾರವಿದೆ. ಮಾನ್ಯತೆಯಿಲ್ಲದ ಶಾಲೆಯಲ್ಲಿ ಓದಿದ ಮಗು ಮೇಲಿನ ವ್ಯಾಸಂಗಕ್ಕೆ ಹೋಗಲಾರದು, ಸರ್ಕಾರಿ ಕೆಲಸ ಹಿಡಿಯಲಾರದು. ಹಾಗಿರುವಾಗ, ಅಲ್ಪಸಂಖ್ಯಾತರು ತಮ್ಮ ಹಕ್ಕನ್ನು ಬಿಟ್ಟುಕೊಟ್ಟರೆ ಮಾತ್ರ ಮಾನ್ಯತೆ ಎಂಬ ಷರತ್ತು ಹಾಕಿದರೆ ಹಕ್ಕು ಹೆಸರಿಗೆ ಮಾತ್ರ ಉಳಿಯುತ್ತದೆ. ಸೊಲ್ಲಾಪುರದಿಂದ ಮುಂಬಯಿಯವರೆಗೆ ಮಹಾರಾಷ್ಟ್ರದ ಕನ್ನಡ ಶಾಲೆಗಳು ನಿಂತಿರುವುದು ಇಂಥ ವಾದಗಳ ಆಸರೆಯಲ್ಲಿ. ಈಗ ಹೇಳಿ, ಸರ್ಕಾರ ಮಾನ್ಯತೆಯನ್ನು ಹಿಡಿದು ಭಾಷೆಯನ್ನು ಹೇರಬಾರದೆಂಬ ನಮ್ಮ ವಾದಕ್ಕೂ, ಬೆಂಗಳೂರಿನ ಪೋಷಕರು ಕನ್ನಡವನ್ನು ದೂರವಿಡಲು ಬಳಸಿದ ವಾದಕ್ಕೂ ಎಷ್ಟು ಅಂತರ? ಕಾನೂನು ಬಲ್ಲವರು ಅಂತರವಿದೆಯೆನ್ನುತ್ತಾರೆ. ಅವರು ಹೇಳಿದ್ದನ್ನು ನಾನು ಎರಡು ಸಲ ಕೇಳಿಸಿಕೊಂಡಿದ್ದೇನೆ. ಕೇಳುವಾಗ ಅರ್ಥವಾಗುತ್ತದೆ, ಮನೆಗೆ ಬರುವಷ್ಟರಲ್ಲಿ ಆ ಅಂತರ ಕಾಣದಾಗುತ್ತದೆ.

ಈ ನೆಲದ ಹಳೆಯ ಪ್ರಕರಣವೊಂದನ್ನು ಜ್ಞಾಪಿಸುತ್ತೇನೆ. 1954ರ ಜನವರಿಯಲ್ಲಿ ಮುಂಬಯಿ ಸರ್ಕಾರವು ಆಂಗ್ಲೋ-ಇಂಡಿಯನ್ನರನ್ನೂ ಏಷ್ಯೇತರ ಮೂಲದ ನಾಗರಿಕರನ್ನೂ ಬಿಟ್ಟು ಬೇರೆ ಮಕ್ಕಳನ್ನು ಇಂಗ್ಲಿಷ್ ಶಾಲೆಗಳಿಗೆ ಸೇರಿಸಕೂಡದೆಂದು ಆದೇಶಿಸಿತು. ಆಗ ಧಾರವಾಡ, ಬೆಳಗಾವಿಗಳೂ ಮುಂಬಯಿ ರಾಜ್ಯದಲ್ಲಿಯೇ ಇದ್ದವು. ನಾಸಿಕದ ಬಳಿಯ ದೇವಳಾಲಿಯ ಬಾರ್ನ್ಸ್ ಶಾಲೆಯನ್ನು ನಡೆಸುತ್ತಿದ್ದ ಸಂಸ್ಥೆ ಕೋರ್ಟಿಗೆ ಹೋಯಿತು. ಅದೇ ವರ್ಷ ಮೇ ತಿಂಗಳಲ್ಲಿ ಸರ್ವೋಚ್ಚ ನ್ಯಾಯಾಲಯ ಆದೇಶವನ್ನು ತಳ್ಳಿಹಾಕಿತು. ನಮ್ಮ ಮಾತೃಭಾಷೆಗಳನ್ನು ಕಟ್ಟಳೆಯಿಂದ ಉಳಿಸುವ ಪ್ರಯತ್ನ ಸಂವಿಧಾನದಷ್ಟೇ ಹಳೆಯದು, ಸೋಲೂ ಅಷ್ಟೇ ಹಳೆಯದು. ಸೋಲದ ಒಂದು ದಾರಿಯೂ ಇದೆ. ಮಾಧ್ಯಮವಾಗಿ ಅಲ್ಲ, ಒಂದು ವಿಷಯವಾಗಿ ರಾಜ್ಯಭಾಷೆಯನ್ನು ಎಲ್ಲರಿಗೂ ಕಲಿಸುವುದು. ಇಲ್ಲಿ ಮರಾಠಿ ಕಡ್ಡಾಯವಾದಾಗ ಗುಜರಾತಿ ಶಾಲೆಗಳವರು ಆಕ್ಷೇಪಿಸಿದರು. 2004ರಲ್ಲಿ ಉಷಾ ಮೆಹ್ತಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ಮಹಾರಾಷ್ಟ್ರದ ನೀತಿಯನ್ನು ಎತ್ತಿಹಿಡಿಯಿತು. 2020ರ ಕಾಯಿದೆಯಂತೆ ಇಲ್ಲಿಯ ಎಲ್ಲ ಮಂಡಳಿಗಳ ಶಾಲೆಗಳಲ್ಲಿಯೂ ಮರಾಠಿ ಕಡ್ಡಾಯ. ಕರ್ನಾಟಕದಲ್ಲಿ 2015ರ ಕನ್ನಡ ಭಾಷಾ ಕಲಿಕೆ ಕಾಯಿದೆ ಇದೇ ಜಾಡಿನದು. ನಮ್ಮಲ್ಲಿ ಕೆಲವರು ಮನೆಯಲ್ಲಿ ಮರಾಠಿ ಕಡ್ಡಾಯವನ್ನು ಗೊಣಗುತ್ತಾರೆ, ವೇದಿಕೆಯ ಮೇಲೆ ಕನ್ನಡ ಕಡ್ಡಾಯವನ್ನು ಬೇಡುತ್ತಾರೆ. ದಯವಿಟ್ಟು ಒಂದನ್ನು ಆರಿಸಿಕೊಳ್ಳಿ. ಮರಾಠಿ ಬಾರದೆ ಮೌದಾದ ತಹಸೀಲು ಕಚೇರಿಯಲ್ಲಿ ಒಂದು ಉತಾರವನ್ನೂ ಪಡೆಯಲಾಗದು. ನಮ್ಮ ಮಕ್ಕಳು ಅದನ್ನು ಚೆನ್ನಾಗಿ ಕಲಿಯಲಿ. 2025ರಲ್ಲಿ ಒಂದನೆಯ ತರಗತಿಯಿಂದ ಹಿಂದಿಯನ್ನು ತರುವ ಆದೇಶ ಹೊರಟಾಗ ಮರಾಠಿ ಜನ ಹೇಗೆ ಎದ್ದುನಿಂತರೆಂಬುದನ್ನು ನೋಡಿದಿರಿ. ಜೂನ್ ಮುಗಿಯುವ ಮುನ್ನ ಆದೇಶ ಹಿಂದಕ್ಕೆ ಹೋಯಿತು. ಹೇರಿಕೆಯ ನೋವು ಅವರಿಗೂ ಗೊತ್ತು. ಅವರೊಡನೆ ಮಾತನಾಡಲು ನಮಗೆ ಅದೊಂದು ಅವಕಾಶ.

ಮಾನ್ಯತೆಯಿದ್ದ ಮಾತ್ರಕ್ಕೆ ಶಾಲೆ ಬದುಕುತ್ತದೆಂದು ತಿಳಿಯಬೇಡಿ. ನನ್ನ ಜತ್ತ ತಾಲೂಕಿನಲ್ಲಿ ಜಿಲ್ಲಾ ಪರಿಷತ್ತಿನ ಕನ್ನಡ ಶಾಲೆಗಳಿವೆ, ಅಕ್ಕಲಕೋಟೆಯಲ್ಲಿಯೂ ಇವೆ. ಅವುಗಳ ಮಾನ್ಯತೆಯನ್ನು ಯಾರೂ ಕಸಿದಿಲ್ಲ. 2024ರಲ್ಲಿ ಜತ್ತದ ಕನ್ನಡ ಶಾಲೆಗಳಿಗೆ ಕನ್ನಡ ಬಾರದ ಮರಾಠಿ ಶಿಕ್ಷಕರು ನೇಮಕವಾಗಿ ಬಂದರು. ಕಾಸರಗೋಡಿನವರಿಗೆ ಈ ಕಥೆ ಹೊಸದಲ್ಲ. ಅಲ್ಲಿ ಕನ್ನಡ ತರಗತಿಗೆ ಮಲಯಾಳ ಮಾತ್ರ ಬಲ್ಲ ಶಿಕ್ಷಕರು ಬಂದಾಗ ಪೋಷಕರು ಶಾಲೆಯ ಮುಂದೆ ಪ್ರತಿಭಟಿಸಿದ್ದಾರೆ. ಕಡತದಲ್ಲಿ ಎಲ್ಲ ಸರಿಯಾಗಿದೆ. ಹುದ್ದೆ ತುಂಬಿದೆ, ಹಾಜರಿ ಬಿದ್ದಿದೆ. ಬೆಂಗಳೂರಿನ ಆ ಶಾಲೆಯ ಸುಳ್ಳಿಗೂ ಈ ಸುಳ್ಳಿಗೂ ಯಾವುದು ಹೆಚ್ಚೆಂದು ಹೇಳುವುದು ಕಷ್ಟ. ಅಲ್ಲಿ ಖಾಸಗಿಯವರು ಸರ್ಕಾರಕ್ಕೆ ಹೇಳಿದರು, ಇಲ್ಲಿ ಸರ್ಕಾರ ಮಕ್ಕಳಿಗೆ ಹೇಳುತ್ತಿದೆ. ಇನ್ನು ಕರ್ನಾಟಕ ಸರ್ಕಾರವೋ, ಇಪ್ಪತ್ತು ವರ್ಷ ಇಂಗ್ಲಿಷ್ ಮಾಧ್ಯಮದ ವಿರುದ್ಧ ಕೋರ್ಟಿನಲ್ಲಿ ವಾದಿಸಿ, 2019ರಲ್ಲಿ ತನ್ನದೇ ಸಾವಿರ ಶಾಲೆಗಳಲ್ಲಿ ಇಂಗ್ಲಿಷ್ ಮಾಧ್ಯಮದ ವಿಭಾಗ ತೆರೆಯಲು ಹೊರಟಿತು.

ಈಗ ನಮ್ಮ ಮೌದಾ. ಕನ್ಹಾನ್ ನದಿಯ ದಂಡೆಯ ಈ ಊರಿಗೆ ಸ್ಥಾವರ ಬಂದ ಮೇಲೆ ನಾಲ್ಕು ಘಟಕಗಳು ಸೇರಿ 2320 ಮೆಗಾವಾಟಿನ ಕೆಲಸ. ದೇಶದ ಎಲ್ಲ ಕಡೆಯ ಜನ. ನಮ್ಮವರೂ ಬಂದರು. ಸಂಘದ ಉತ್ಸಾಹಿ ತರುಣರು ಇಲ್ಲಿ ಒಂದು ಕನ್ನಡ ಶಾಲೆ ಕಟ್ಟೋಣ, ಭಾಷಾ ಅಲ್ಪಸಂಖ್ಯಾತರೆಂಬ ಪ್ರಮಾಣಪತ್ರ ಪಡೆಯೋಣ, ಕೊಡದಿದ್ದರೆ ಉಚ್ಚ ನ್ಯಾಯಾಲಯದ ನಾಗಪುರ ಪೀಠಕ್ಕೆ ಹೋಗೋಣ ಎನ್ನುತ್ತಿದ್ದಾರೆ. ಅವರಿಗೆ ಒಂದು ಕಾನೂನಿನ ಸಂಗತಿ ತಿಳಿಸುತ್ತೇನೆ. ದೆಹಲಿಯಲ್ಲಿ 2004ರ ಕಾಯಿದೆಯಂತೆ ಸ್ಥಾಪನೆಯಾದ ಅಲ್ಪಸಂಖ್ಯಾತ ಶಿಕ್ಷಣ ಸಂಸ್ಥೆಗಳ ಆಯೋಗವಿದೆ. ಅದರ ಬಾಗಿಲು ತೆರೆದಿರುವುದು ಮತೀಯ ಅಲ್ಪಸಂಖ್ಯಾತರಿಗೆ ಮಾತ್ರ. ಭಾಷೆಯ ಅಲ್ಪಸಂಖ್ಯಾತರು ರಾಜ್ಯ ಸರ್ಕಾರದ ಬಳಿಗೇ ಹೋಗಬೇಕು. ಹೋಗಬಹುದು, ಕಡತವನ್ನು ನಾನೇ ಕಟ್ಟಿಕೊಡುತ್ತೇನೆ. ಆದರೆ ಕಳೆದ ತಿಂಗಳು ನಾನು ಮನೆಮನೆಗೆ ಹೋಗಿ ಎಣಿಸಿದೆ. ಆರರಿಂದ ಹದಿನಾಲ್ಕು ವರ್ಷದ ಕನ್ನಡ ಮನೆಗಳ ಮಕ್ಕಳು ಹತ್ತೊಂಬತ್ತು. ಒಂದೇ ತರಗತಿಯಲ್ಲಿ ಇರುವವರು ಹೆಚ್ಚೆಂದರೆ ನಾಲ್ವರು. ಹತ್ತೂ ಇಲ್ಲ, ನಲವತ್ತೂ ಇಲ್ಲ. ಆ ಹತ್ತೊಂಬತ್ತು ಮನೆಗಳಲ್ಲಿ, ಶಾಲೆ ತೆರೆದರೆ ಮಗುವನ್ನು ಕಳಿಸುವಿರಾ ಎಂದು ಕೇಳಿದಾಗ ಹೌದೆಂದವರು ಇಬ್ಬರು. ನಾನು ಉಳಿದವರನ್ನು ಆಕ್ಷೇಪಿಸಲಾರೆ. 1978ರಲ್ಲಿ ನನ್ನ ಮಗನನ್ನು ನಾಗಪುರದ ಇಂಗ್ಲಿಷ್ ಶಾಲೆಯ ಸಾಲಿನಲ್ಲಿ ಬೆಳಗಿನ ಐದು ಗಂಟೆಯಿಂದ ನಿಂತು ಸೇರಿಸಿದವನು ನಾನು.

ಇನ್ನು ಆ ತಾಯಿಯ ಪ್ರಶ್ನೆ. ಇಲ್ಲಮ್ಮ, ನಮ್ಮ ಭಾನುವಾರದ ತರಗತಿಗೆ ಮಾನ್ಯತೆಯಿಲ್ಲ. ಬೇಕಾಗಿಯೂ ಇಲ್ಲ, ಕಾಯಿದೆಯ ಪ್ರಕಾರ ಅದು ಶಾಲೆಯೇ ಅಲ್ಲ. ಹಾಗೆಂದು ಕಾಗದಕ್ಕೆ ಏನೂ ಉಪಯೋಗವಿಲ್ಲವೆಂದಲ್ಲ. ಹೊರನಾಡ ಕನ್ನಡಿಗರ ಮಕ್ಕಳು ಕರ್ನಾಟಕದ ವೃತ್ತಿಶಿಕ್ಷಣದ ಕಾಲೇಜುಗಳಲ್ಲಿ ಸರ್ಕಾರಿ ಸೀಟಿಗೆ ಅರ್ಜಿ ಹಾಕಲು ಒಂದು ಅವಕಾಶವಿದೆ. ಅದಕ್ಕೆ ಮಗು ಕನ್ನಡ ಭಾಷೆಯ ಪರೀಕ್ಷೆಯೊಂದಕ್ಕೆ ಕೂರಬೇಕು. ಅಲ್ಲಿ ಯಾರೂ ಶಿಕ್ಷಣ ಮಾಧ್ಯಮದ ಕಲಮನ್ನು ನೋಡುವುದಿಲ್ಲ. ಮುಂದೆ ಕಾಗದವಿಟ್ಟು ಬರೆ ಎನ್ನುತ್ತಾರೆ. ನನ್ನ ಮೊಮ್ಮಗಳು ಆ ಪರೀಕ್ಷೆಗೆ ಕುಳಿತಳು. ಅದಕ್ಕೂ ಮುನ್ನ ಎರಡು ವರ್ಷ, ಪ್ರತಿ ಭಾನುವಾರ, ಅಜ್ಜನಿಗೆ ಶಾಪ ಹಾಕುತ್ತ ಒತ್ತಕ್ಷರ ತಿದ್ದಿದ್ದಳು. ತೇರ್ಗಡೆಯಾದಳು, ಆದರೆ ಓದಲು ಪುಣೆಗೆ ಹೋದಳು. ಈಗ ಹೈದರಾಬಾದಿನಲ್ಲಿದ್ದಾಳೆ. ನನಗೆ ಕನ್ನಡದಲ್ಲಿ ಎರಡು ಸಾಲು ಬರೆಯುತ್ತಾಳೆ. ತಪ್ಪುಗಳಿರುತ್ತವೆ, ನಾನು ತಿದ್ದುವುದಿಲ್ಲ. ಕನ್ನಡ ಸಾಹಿತ್ಯ ಪರಿಷತ್ತು ನಡೆಸಿಕೊಂಡು ಬಂದಿರುವ ಕಾವ, ಜಾಣ ಪರೀಕ್ಷೆಗಳೂ ಇವೆ. ಇಚ್ಛೆಯುಳ್ಳವರಿಗೆ ಪುಸ್ತಕ ತರಿಸಿಕೊಡಬಹುದು.

ವರ್ಗವಾಗಿ ಬರುವ ಕುಟುಂಬಗಳಿಗೆ ಒಂದೆರಡು ಮಾತು. ಮಗುವನ್ನು ಸೇರಿಸುವ ಮುನ್ನ ಖಾಸಗಿ ಶಾಲೆಯ ಮಾನ್ಯತೆಯ ಪ್ರಮಾಣಪತ್ರವನ್ನು ತೋರಿಸಿರೆಂದು ಕೇಳಿ, ನಾಚಿಕೊಳ್ಳಬೇಡಿ. ಅದು ಯಾವ ತರಗತಿಗಳಿಗೆ, ಯಾವ ಮಾಧ್ಯಮಕ್ಕೆ, ಯಾವ ವರ್ಷದವರೆಗೆ ಎಂಬುದನ್ನು ಓದಿ. ಕೇಂದ್ರ ಮಂಡಳಿಯ ಶಾಲೆಯೆಂದು ಫಲಕವಿದ್ದ ಮಾತ್ರಕ್ಕೆ ಸಾಲದು; ಮಂಡಳಿಯ ಸಂಯೋಜನೆ ಬೇರೆ, ರಾಜ್ಯದ ಮಾನ್ಯತೆ ಬೇರೆ. ಹಳೆಯ ಶಾಲೆಯಿಂದ ವರ್ಗಾವಣೆ ಪತ್ರ ಬರಲು ತಡವಾಯಿತೆಂದು ಎಂಟನೆಯ ತರಗತಿಯವರೆಗಿನ ಮಗುವಿನ ಪ್ರವೇಶವನ್ನು ಸರ್ಕಾರಿ ಅಥವಾ ಅನುದಾನಿತ ಶಾಲೆ ತಡೆಯುವಂತಿಲ್ಲ. ಶಿಕ್ಷಣ ಹಕ್ಕು ಕಾಯಿದೆಯ 5ನೆಯ ಪ್ರಕರಣ. ಪತ್ರ ಬಂದಾಗ ಪ್ರತಿ ಕಲಮನ್ನೂ ಓದಿ, ಮಾಧ್ಯಮದ ಕಲಮನ್ನು ಎರಡು ಸಲ.

ತರಗತಿ ಮುಂದಿನ ಭಾನುವಾರ ಬೆಳಿಗ್ಗೆ ಹತ್ತು ಗಂಟೆಗೆ ಆರಂಭವಾಗುತ್ತದೆ. ಹಾಜರಿ ಪುಸ್ತಕವನ್ನು ಬಾಗಿಲ ಬಳಿಯ ಮೇಜಿನ ಮೇಲೆ ಇಟ್ಟಿದ್ದೇನೆ. ಹನ್ನೊಂದು ಹೆಸರುಗಳಿವೆ. ಆ ತಾಯಿ ಇಂದು ಸಭೆಯಲ್ಲಿದ್ದಾರೆ. ಅವರ ಮಗನ ಹೆಸರಿಗೆಂದು ಹನ್ನೆರಡನೆಯ ಸಾಲನ್ನು ಖಾಲಿ ಬಿಟ್ಟಿದ್ದೇನೆ.